ಮೀನುಹಳ್ಳದ ಡಚ್ಚರು ಮತ್ತು ನಾವು

ನಾನು ಹದಿನೇಳು ವರ್ಷಗಳಿಂದ ಇರುವ ಊರಿನ ಹೆಸರು ಫಿಶ್‌ಕಿಲ್. ನ್ಯೂಯಾರ್ಕ್ ನಗರದಿಂದ ಉತ್ತರಕ್ಕೆ ಹೋದರೆ, ಹಡ್ಸನ್ ನದಿಯ ಪೂರ್ವ ದಂಡೆಗೆ ಸಮೀಪದಲ್ಲಿ, ಗುಡ್ಡಗಳ ಬುಡದಲ್ಲಿ ಸಿಗುವ ಊರಿದು. ಧಾರವಾಡದಿಂದ ಮೊದಲ ಸಲ ಬಂದ ನನ್ನ ಅತ್ತೆಯವರು ಹೆದ್ದಾರಿಯ ಫಲಕದಲ್ಲಿ ಈ ಹೆಸರನ್ನು ಕೂಡಿಸಿ ಓದಿ, ‘ಮೀನ ಕೊಲ್ಲೂ ಊರೇನ್ರೀ ಇದು?’ ಎಂದು ಕೇಳಿದ್ದರು. ನಗುವಂತಿರಲಿಲ್ಲ. ಪ್ರಾಣಿಗಳ ಹಕ್ಕಿಗಾಗಿ ಹೋರಾಡುವ ಅಮೆರಿಕದ ಸಂಘಟನೆಯೊಂದು 1996ರಲ್ಲಿ ಇದೇ ಅರ್ಥ ಹಚ್ಚಿ, ಇಂಥ ಹೆಸರು ಬೇಡ, ಬದಲಾಯಿಸಿ ಎಂದು ಊರಿನವರನ್ನು ಕೇಳಿಕೊಂಡಿತ್ತು. ‘ಕಿಲ್’ ಎಂದರೆ ಹಳೆಯ ಡಚ್ ಮಾತಿನಲ್ಲಿ ಹಳ್ಳ, ತೊರೆ. ಫಿಶ್‌ಕಿಲ್ ಎಂದರೆ ಮೀನುಹಳ್ಳ, ಅಷ್ಟೇ. ಕ್ಯಾಟ್‌ಸ್ಕಿಲ್, ಪೀಕ್‌ಸ್ಕಿಲ್ ಎಂದು ಈ ನದಿಯುದ್ದಕ್ಕೂ ಇರುವ ಹೆಸರುಗಳ ಬಾಲದಲ್ಲಿರುವುದೂ ಅದೇ ಹಳ್ಳ. (ನಮ್ಮ ಜಿಲ್ಲೆಯ ಹೆಸರು ಡಚೆಸ್ ಎಂದಿರುವುದರಿಂದ ಅದೂ ಡಚ್ಚರದೇ ಎಂದು ತಿಳಿಯುವವರು ಬಹಳ ಮಂದಿ, ಅದು ಮಾತ್ರ ಇಂಗ್ಲಿಷ್ ರಾಜಮನೆತನದ ಹೆಂಗಸೊಬ್ಬಳ ಬಿರುದು.)

ನೆಲದ ಮೇಲೆ ಹೆಸರು ಉಳಿದು, ಆ ಹೆಸರಿನ ಅರ್ಥ ಹೇಳಬಲ್ಲವರು ಇಲ್ಲವಾಗುವ ಸ್ಥಿತಿ ಹೊರನಾಡಿನಲ್ಲಿ ಮಕ್ಕಳನ್ನು ಬೆಳೆಸುತ್ತಿರುವ ನನ್ನಂಥವನನ್ನು ಸುಮ್ಮನೆ ಕೂರಲು ಬಿಡುವುದಿಲ್ಲ. ಹಾಗಾಗಿ ಈ ಕಣಿವೆಯ ಡಚ್ ಮನೆತನಗಳ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದುವುದು, ಹಳೆಯ ಮನೆ, ಚರ್ಚು, ಸ್ಮಶಾನಗಳನ್ನು ನೋಡಿ ಬರುವುದು ಕೆಲವು ವರ್ಷಗಳಿಂದ ನನ್ನ ವಾರಾಂತ್ಯದ ಅಭ್ಯಾಸವಾಗಿದೆ. ನಾವು ಕನ್ನಡಿಗರು ಈ ದೇಶದಲ್ಲಿ ಮಾಡುತ್ತಿರುವುದನ್ನೂ ಅವರು ಮಾಡಿದ್ದನ್ನೂ ಅಕ್ಕಪಕ್ಕ ಇಟ್ಟು ನೋಡಿದಾಗ ನನಗೆ ಅನ್ನಿಸಿದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಕಥೆಯ ಆರಂಭ ಎಲ್ಲರಿಗೂ ಹೆಚ್ಚುಕಡಿಮೆ ಗೊತ್ತಿರುವುದೇ. ಡಚ್ ಈಸ್ಟ್ ಇಂಡಿಯಾ ಕಂಪನಿಯ ಕೂಲಿಗೆ ಬಂದ ಇಂಗ್ಲಿಷ್ ನಾವಿಕ ಹೆನ್ರಿ ಹಡ್ಸನ್ 1609ರಲ್ಲಿ, ಏಷ್ಯಾಕ್ಕೆ ದಾರಿ ಹುಡುಕುತ್ತ ಈ ನದಿಗೆ ಹಡಗು ನುಗ್ಗಿಸಿದ. 1621ರಲ್ಲಿ ಡಚ್ಚರದೇ ವೆಸ್ಟ್ ಇಂಡಿಯಾ ಕಂಪನಿ ಹುಟ್ಟಿತು. 1624ರಲ್ಲಿ ಇಲ್ಲಿ ವಸಾಹತು ಹೂಡಲು ಸುಮಾರು ಮೂವತ್ತು ಕುಟುಂಬಗಳು ಬಂದಿಳಿದವು. ಆ ಮೊದಲ ಕುಟುಂಬಗಳಲ್ಲಿ ಹೆಚ್ಚಿನವರು ಡಚ್ಚರೇ ಅಲ್ಲ, ಫ್ರೆಂಚ್ ಮಾತಾಡುವ ವಲೂನರು. ಇಂದಿನ ಮ್ಯಾನ್‌ಹಾಟನ್‌ನ ತುದಿಯಲ್ಲಿದ್ದ ನ್ಯೂ ಆಮ್‌ಸ್ಟರ್‌ಡ್ಯಾಮ್‌ಗೆ 1643ರಲ್ಲಿ ಬಂದಿದ್ದ ಜೆಸ್ಯೂಟ್ ಪಾದ್ರಿ ಐಸಾಕ್ ಜೋಗ್, ಅಲ್ಲಿ ಹದಿನೆಂಟು ಭಾಷೆಗಳನ್ನಾಡುವ ಜನರಿದ್ದಾರೆಂದು ಬರೆದಿದ್ದಾನೆ. ಅದೇ ವರ್ಷ, ಗವರ್ನರ್ ವಿಲ್ಲೆಮ್ ಕೀಫ್ಟ್‌ನ ಆಜ್ಞೆಯಂತೆ ಸೈನಿಕರು ನಿದ್ದೆಯಲ್ಲಿದ್ದ ಮೂಲನಿವಾಸಿಗಳನ್ನು ಹೆಂಗಸರು ಮಕ್ಕಳೆನ್ನದೆ ಕೊಂದರು ಎಂಬುದನ್ನು ಬಿಟ್ಟು ಈ ಕಥೆ ಹೇಳುವಂತಿಲ್ಲ. 1664ರಲ್ಲಿ ಇಂಗ್ಲಿಷರ ಹಡಗುಗಳು ಬಂದು ನಿಂತಾಗ ಆಗಿನ ಡಚ್ ಗವರ್ನರ್ ಪೀಟರ್ ಸ್ಟೈವೆಸಂಟ್ ಗುಂಡು ಹಾರಿಸದೆ ಊರನ್ನು ಒಪ್ಪಿಸಿದ. ಆ ಹೊತ್ತಿಗೆ ಇಡೀ ವಸಾಹತಿನಲ್ಲಿದ್ದ ಯುರೋಪಿಯನ್ನರು ಸುಮಾರು ಒಂಬತ್ತು ಸಾವಿರ ಮಂದಿ, ಅವರಲ್ಲೂ ಗಣನೀಯ ಪಾಲು ಡಚ್ಚರಲ್ಲದವರು.

ನನಗೆ ಮುಖ್ಯವೆನಿಸುವುದು ಇದರ ನಂತರದ್ದು. ಶರಣಾದ ಮೇಲೆ ಹಾಲೆಂಡಿನಿಂದ ಜನ ಬರುವುದು ಬಹುಮಟ್ಟಿಗೆ ನಿಂತೇ ಹೋಯಿತು. ಆಳುವ ಭಾಷೆ ಇಂಗ್ಲಿಷ್ ಆಯಿತು. ಹೊಸದಾಗಿ ಬಂದು ಮಾತನ್ನು ಚಿಗುರಿಸುವವರಿಲ್ಲ, ಊರಿಗೆ ಹೋಗಿ ಬರುವ ದಾರಿಯಿಲ್ಲ. ಆದರೂ ಆ ಕೆಲವೇ ಸಾವಿರ ಜನರ ಮಕ್ಕಳು, ಮೊಮ್ಮಕ್ಕಳು, ಅವರ ಮೊಮ್ಮಕ್ಕಳು ನೂರೈವತ್ತು ವರ್ಷಕ್ಕೂ ಮೀರಿ ಮನೆಯಲ್ಲಿ ಡಚ್ ಮಾತಾಡಿದರು. ನಮಗಾದರೋ ವರ್ಷವರ್ಷವೂ ಬೆಂಗಳೂರಿನಿಂದ ವಿಮಾನ ತುಂಬ ಜನ ಬರುತ್ತಾರೆ, ದಿನವೂ ಸಂಜೆ ಅಜ್ಜಿಯ ಮುಖ ಫೋನಿನ ಪರದೆಯ ಮೇಲೆ ಮೂಡುತ್ತದೆ. ಆದರೂ ಇಲ್ಲಿ ಹುಟ್ಟಿದ ಮಕ್ಕಳಲ್ಲಿ ಕನ್ನಡದಲ್ಲಿ ಜಗಳವಾಡಬಲ್ಲವರನ್ನು ನಾನು ಬೆರಳೆಣಿಕೆಯಷ್ಟೇ ಕಂಡಿದ್ದೇನೆ. ಯಾಕೆ ಹೀಗೆ?

ಮೊದಲು ಹೆಸರಿನ ವಿಷಯ ಹೇಳಬೇಕು, ಯಾಕೆಂದರೆ ಆ ಡಚ್ಚರು ನಮಗೆ ಎಷ್ಟು ಹತ್ತಿರದವರು ಎಂದು ನನಗೆ ಹೊಳೆದದ್ದು ಅಲ್ಲೇ. ಬ್ರೂಕ್ಲಿನ್‌ನಲ್ಲಿ ಸುಮಾರು 1652ರಲ್ಲಿ ಕಟ್ಟಿದ ಒಂದು ಮನೆ ಇನ್ನೂ ನಿಂತಿದೆ. 1965ರಲ್ಲಿ ನ್ಯೂಯಾರ್ಕ್ ನಗರ ತನ್ನ ಸಂರಕ್ಷಿತ ಕಟ್ಟಡಗಳ ಪಟ್ಟಿ ಆರಂಭಿಸಿದಾಗ ಅದರಲ್ಲಿ ಮೊದಲು ಸೇರಿದ್ದು ಇದೇ. ಆ ಮನೆಯ ಯಜಮಾನನ ಹೆಸರು ಪೀಟರ್ ಕ್ಲಾಸೆನ್, ಅಂದರೆ ಕ್ಲಾಸ್‌ನ ಮಗ ಪೀಟರ್. 1637ರಲ್ಲಿ ಇನ್ನೂ ಹುಡುಗನಾಗಿದ್ದಾಗ, ಕರಾರಿನ ಆಳಾಗಿ ದುಡಿಯಲು ಬಂದವನು. ಅವನ ಮಗನೊಬ್ಬ ಹಳೆಯ ಪದ್ಧತಿಯಲ್ಲಿ ಇನ್ನೊಬ್ಬ ‘ಪೀಟರ್‌ಸೆನ್’ ಆಗುತ್ತಿದ್ದ, ಮೊಮ್ಮಗ ಬೇರೆಯೇ ಏನೋ. ಅಪ್ಪನ ಹೆಸರನ್ನು ತನ್ನ ಹೆಸರಿಗೆ ಅಂಟಿಸಿಕೊಂಡು ಒಂದು ತಲೆಮಾರು ನಡೆಯುವುದು, ಮುಂದಿನವರು ಅದನ್ನು ಕಳಚಿ ತಮ್ಮಪ್ಪನ ಹೆಸರು ಹಾಕಿಕೊಳ್ಳುವುದು. ಇದು ಡಚ್ಚರ ರೂಢಿ. ಇಂಗ್ಲಿಷ್ ಆಡಳಿತಕ್ಕೆ ಇದು ಒಗ್ಗಲಿಲ್ಲ. ಅವರಿಗೆ ತಲೆಮಾರು ಬದಲಾದರೂ ಬದಲಾಗದ ಮನೆತನದ ಹೆಸರು ಬೇಕಿತ್ತು. ಪೀಟರ್ ಕ್ಲಾಸೆನ್ ವೈಕಾಫ್ ಎಂಬ ಹೆಸರು ಹಚ್ಚಿಕೊಂಡ. ಇಂದು ಅಮೆರಿಕದಲ್ಲಿ ಈ ಹೆಸರು ಹೊತ್ತವರೆಲ್ಲ ಅವನನ್ನೇ ಮೂಲಪುರುಷನೆಂದು ಎಣಿಸುತ್ತಾರೆ. ಅವನಿಗೆ ಹನ್ನೊಂದು ಮಕ್ಕಳಿದ್ದುದರಿಂದ ಅದೇನೂ ಅಸಾಧ್ಯವಲ್ಲ.

ನಾನು ಮಂಡ್ಯ ಜಿಲ್ಲೆಯವನು. ನನ್ನ ಹೆಸರಿನ ಮುಂದಿದ್ದ ಎರಡು ಇನಿಷಿಯಲ್‌ಗಳಲ್ಲಿ ಒಂದು ಊರು, ಇನ್ನೊಂದು ಅಪ್ಪ. ಪಾಸ್‌ಪೋರ್ಟಿನ ಅರ್ಜಿಯಲ್ಲಿ ‘ಮನೆತನದ ಹೆಸರು’ ಎಂಬ ಖಾನೆಯನ್ನು ಖಾಲಿ ಬಿಡುವಂತಿಲ್ಲ ಎಂದು ಯಾರೋ ಹೇಳಿದ್ದರಿಂದ ಅಲ್ಲಿ ಅಪ್ಪನ ಹೆಸರು ಬರೆದೆ. ಇಲ್ಲಿ ಬಂದಿಳಿದ ದಿನದಿಂದ ನಾನು ‘ಮಿಸ್ಟರ್ ನಂಜುಂಡಯ್ಯ’. ಬ್ಯಾಂಕಿನಲ್ಲಿ ಯಾರಾದರೂ ಹಾಗೆ ಕೂಗಿದರೆ ಇಷ್ಟು ವರ್ಷಗಳ ಮೇಲೂ ಅಪ್ಪ ಹಿಂದೆ ನಿಂತಿದ್ದಾರೇನೋ ಎಂದು ಕತ್ತು ತಿರುಗುತ್ತದೆ. ನನ್ನ ಮಗಳಿಗೆ ಬರಬೇಕಾಗಿದ್ದುದು ನನ್ನ ಹೆಸರು; ಬಂದಿದ್ದು ಅವಳ ತಾತನದು, ಇನ್ನು ಅವಳಿಂದ ಮುಂದಕ್ಕೂ ಅದೇ ಹೋಗಬಹುದು. ನನ್ನ ಹೆಂಡತಿಯ ಕಡೆಯವರಿಗೆ ಈ ತೊಡಕಿಲ್ಲ. ಉತ್ತರ ಕರ್ನಾಟಕದಲ್ಲಿ ಅಡ್ಡಹೆಸರು ಮೊದಲಿನಿಂದಲೂ ಇದೆ, ಅವಳದು ನವಲಗುಂದ. ಹುಟ್ಟಿದೂರನ್ನೇ ಹೆಸರಾಗಿ ಹೊರುವ ಕ್ರಮವೂ ಡಚ್ಚರಲ್ಲಿತ್ತು. 1631ರಲ್ಲಿ ಬಂದ ಕೊರ್ನೇಲಿಸ್ ಮಾಸೆನ್ ಎಂಬಾತ ಬ್ಯೂರೆನ್ ಎಂಬ ಊರಿನ ಹತ್ತಿರದವನಾದ್ದರಿಂದ ಅವನ ಮಕ್ಕಳು ವ್ಯಾನ್ ಬ್ಯೂರೆನ್ ಆದರು. ‘ವ್ಯಾನ್’ ಎಂದರೆ ‘ಅಲ್ಲಿಯವನು’ ಎಂದಷ್ಟೇ ಅರ್ಥ; ಕಿತ್ತೂರ, ಬಾದಾಮಿ, ನವಲಗುಂದ ಇದ್ದ ಹಾಗೆ. ಎಂಟನೆಯ ಅಧ್ಯಕ್ಷ ಮಾರ್ಟಿನ್ ವ್ಯಾನ್ ಬ್ಯೂರೆನ್ ಹುಬ್ಬಳ್ಳಿ ಕಡೆ ಹುಟ್ಟಿದ್ದರೆ ಅಡ್ಡಹೆಸರು ಬದಲಾಯಿಸುವ ಅಗತ್ಯವೇ ಬೀಳುತ್ತಿರಲಿಲ್ಲ ಎಂದು ನಮ್ಮ ಮನೆಯಲ್ಲಿ ತಮಾಷೆ ನಡೆಯುತ್ತದೆ.

ಮದುವೆಯಾದ ಹೆಂಗಸು ತನ್ನ ಹೆಸರನ್ನು ಬಿಡದಿರುವುದೂ ಅವರಲ್ಲಿ ಇತ್ತು. ಹಳೆಯ ರಿಫಾರ್ಮ್ಡ್ ಚರ್ಚುಗಳ ದೀಕ್ಷಾಸ್ನಾನದ ದಫ್ತರುಗಳಲ್ಲಿ ಮಗುವಿನ ತಾಯಿಯ ಹೆಸರು ಅವಳ ತವರಿನ ಹೆಸರಿನಲ್ಲೇ ಇರುತ್ತದೆ. ವಂಶಾವಳಿ ಹುಡುಕುವವರಿಗೆ ಇದು ಚಿನ್ನದ ಗಣಿ. ಹೆಸರಷ್ಟೇ ಅಲ್ಲ, ಆಸ್ತಿಯಲ್ಲೂ ಅವಳಿಗೆ ಪಾಲಿತ್ತು: ಗಂಡಹೆಂಡಿರು ಸೇರಿ ಒಂದೇ ಉಯಿಲು ಬರೆಯುತ್ತಿದ್ದರು, ಒಬ್ಬರು ತೀರಿಕೊಂಡರೆ ಇನ್ನೊಬ್ಬರು ಬದುಕಿರುವವರೆಗೆ ಆಸ್ತಿ ಅವರ ಕೈಯಲ್ಲಿ, ಆಮೇಲೆ ಗಂಡು ಹೆಣ್ಣು ಮಕ್ಕಳಿಗೆ ಸಮಪಾಲು. ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಹುಟ್ಟಿನಿಂದಲೇ ಪಾಲು ಎಂದು ಕರ್ನಾಟಕ ಕಾನೂನು ಮಾಡಿದ್ದು 1994ರಲ್ಲಿ. ನ್ಯೂ ಆಮ್‌ಸ್ಟರ್‌ಡ್ಯಾಮ್‌ನ ಮಾರ್ಗರೆಟ್ ಹಾರ್ಡೆನ್‌ಬ್ರೂಕ್ ಸ್ವಂತ ಹಡಗಿಟ್ಟುಕೊಂಡು ಅಟ್ಲಾಂಟಿಕ್ ದಾಟಿ ವ್ಯಾಪಾರ ನಡೆಸಿದ ಹೆಂಗಸು. 1679ರಲ್ಲಿ ಅವಳ ಹಡಗಿನಲ್ಲಿ ಬಂದ ಪ್ರಯಾಣಿಕನೊಬ್ಬ, ನೆಲ ಒರೆಸುವ ಬಟ್ಟೆಕೋಲು ನೀರಿಗೆ ಬಿತ್ತೆಂದು ದೋಣಿ ಇಳಿಸಿ ಹುಡುಕಿಸಿದ ಜಿಪುಣಿ ಎಂದು ತನ್ನ ದಿನಚರಿಯಲ್ಲಿ ಬೈದುಕೊಂಡಿದ್ದಾನೆ. ಅವಳ ಮತ್ತು ಅವಳ ಗಂಡನ ವ್ಯಾಪಾರದಲ್ಲಿ ಗುಲಾಮರ ಮಾರಾಟವೂ ಸೇರಿತ್ತು ಎಂಬುದನ್ನು ಆ ಜಿಪುಣತನದ ಕಥೆ ಮರೆಸಬಾರದು. ಶರಣಾಗತಿಯ ಕರಾರಿನಲ್ಲಿ, ಆಸ್ತಿ ಹಂಚಿಕೆಯ ವಿಷಯದಲ್ಲಿ ಡಚ್ಚರು ತಮ್ಮ ಪದ್ಧತಿಯನ್ನೇ ನಡೆಸಿಕೊಳ್ಳಬಹುದು ಎಂಬ ಕಲಮು ಇತ್ತು. ಆದರೂ ಇಂಗ್ಲಿಷ್ ಕಾನೂನು ಬೇರೂರುತ್ತಿದ್ದಂತೆ ಹೆಂಡತಿಯ ಆಸ್ತಿ ಗಂಡನದಾಯಿತು, ಹೆಸರೂ ಅವನದಾಯಿತು. ಈ ಊರಿನ ಆಸ್ಪತ್ರೆಯೊಂದರಲ್ಲಿ ನಮ್ಮಿಬ್ಬರ ಹೆಸರು ಬೇರೆ ಬೇರೆ ಇರುವುದನ್ನು ಕಂಡು, ಇವರು ನಿಮಗೆ ಏನಾಗಬೇಕು ಎಂದು ನನ್ನ ಹೆಂಡತಿಯನ್ನು ಎರಡೆರಡು ಸಲ ಕೇಳಿದಾಗ, ಮುನ್ನೂರೈವತ್ತು ವರ್ಷದ ಹಿಂದೆ ಇದೇ ದಂಡೆಯ ಮೇಲೆ ಯಾರೂ ಹಾಗೆ ಕೇಳುತ್ತಿರಲಿಲ್ಲ ಎಂದು ಹೇಳಬೇಕೆನ್ನಿಸಿತ್ತು. ಹೇಳಲಿಲ್ಲ.

ಇನ್ನು ಮಾತಿನ ವಿಷಯ. ಸ್ವೀಡನ್ನಿನ ಸಸ್ಯಶಾಸ್ತ್ರಜ್ಞ ಪೇಟರ್ ಕಾಲ್ಮ್ 1749ರಲ್ಲಿ, ಅಂದರೆ ಇಂಗ್ಲಿಷ್ ಆಳ್ವಿಕೆ ಬಂದು ಎಂಬತ್ತೈದು ವರ್ಷಗಳಾದ ಮೇಲೆ, ನ್ಯೂಯಾರ್ಕ್ ರಾಜ್ಯದ ಇಂದಿನ ರಾಜಧಾನಿ ಆಲ್ಬನಿಗೆ ಬಂದಿದ್ದ. ಅಲ್ಲಿನವರು ಉಡುವುದು ಇಂಗ್ಲಿಷರಂತೆ, ಆಡುವುದು ಮಾತ್ರ ಡಚ್ ಎಂದು ಆತ ಬರೆದಿಟ್ಟ. ಅವನು ಇಳಿದುಕೊಂಡಿದ್ದ ಮನೆಯೊಡತಿ ಒಂದು ದಿನ ಎಲೆಕೋಸನ್ನು ಎಳೆ ಎಳೆಯಾಗಿ ಹೆಚ್ಚಿ, ಎಣ್ಣೆ, ವಿನಿಗರ್, ಉಪ್ಪು, ಮೆಣಸಿನ ಪುಡಿ ಹಾಕಿ ಕಲಸಿ ಕೊಟ್ಟಳಂತೆ. ಹೊಸ ಬಗೆಯ ಈ ಪದಾರ್ಥ ಅವನಿಗೆ ಬಹಳ ರುಚಿಸಿತು. ನಮ್ಮ ಕೋಸಂಬರಿಗೆ ದೂರದ ನೆಂಟನಂತಿರುವ ಇದರ ಡಚ್ ಹೆಸರೇ ಇಂದು ಅಮೆರಿಕದ ಎಲ್ಲ ಅಂಗಡಿಗಳಲ್ಲಿ ಡಬ್ಬಿಯಲ್ಲಿ ಸಿಗುವ ‘ಕೋಲ್‌ಸ್ಲಾ’. ಕುಕಿ, ವೇಫಲ್, ಮನೆ ಮುಂದಿನ ಜಗಲಿಯಂಥ ಮೆಟ್ಟಿಲಿಗೆ ಹೇಳುವ ‘ಸ್ಟೂಪ್’, ಆಫೀಸಿನ ‘ಬಾಸ್’, ಎಲ್ಲವೂ ಅವರದೇ. ಅಡುಗೆಮನೆ, ಜಗಲಿ, ದುಡಿಮೆ: ಮಾತು ಕೊನೆಯವರೆಗೂ ಇದ್ದದ್ದು ಎಲ್ಲಿ ಎಂಬುದನ್ನು ಈ ಪದಗಳೇ ಹೇಳುತ್ತವೆ.

ಆ ಮಾತನ್ನು ಯಾರೂ ‘ಉಳಿಸಲಿಲ್ಲ’. ಅದಕ್ಕೆ ಕೆಲಸವಿತ್ತು. ಹೊಲದಲ್ಲಿ ಆಳಿಗೆ ಹೇಳುವುದು, ಹಸುವನ್ನು ಅಟ್ಟುವುದು, ನೆರೆಯವನ ಹತ್ತಿರ ಬಿತ್ತನೆ ಗೋಧಿ ಕೇಳುವುದು, ಭಾನುವಾರ ದೇವರ ಮಾತು ಕೇಳುವುದು, ಹೆಣ್ಣು ನೋಡುವುದು, ಎಲ್ಲವೂ ಡಚ್ಚಿನಲ್ಲೇ ಆಗಬೇಕಿತ್ತು. 1782ರಲ್ಲಿ ಕಿಂಡರ್‌ಹುಕ್ ಎಂಬ ಹಳ್ಳಿಯ ಹೋಟೆಲು ನಡೆಸುವವನ ಮನೆಯಲ್ಲಿ ಹುಟ್ಟಿದ ಮಾರ್ಟಿನ್ ವ್ಯಾನ್ ಬ್ಯೂರೆನ್‌ನ ಮನೆಮಾತು ಡಚ್; ತಾಯ್ನುಡಿ ಇಂಗ್ಲಿಷ್ ಅಲ್ಲದ ಅಮೆರಿಕದ ಅಧ್ಯಕ್ಷ ಇವತ್ತಿಗೂ ಅವನೊಬ್ಬನೇ. ಮೊದಲು ಬಂದವನಿಂದ ಹಿಡಿದು ತನ್ನ ಹಿರಿಯ ಮಗನ ಮದುವೆಯವರೆಗೆ, ಆರು ತಲೆಮಾರು, ಇನ್ನೂರು ವರ್ಷ, ತಮ್ಮ ಮನೆತನದಲ್ಲಿ ಡಚ್ಚರಲ್ಲದವರೊಡನೆ ಒಂದೇ ಒಂದು ಸಂಬಂಧ ಆಗಿರಲಿಲ್ಲ ಎಂದು ಆತ ಮುದಿವಯಸ್ಸಿನಲ್ಲಿ ಬರೆದುಕೊಂಡಿದ್ದಾನೆ. ಇದನ್ನು ಓದಿದ ಯಾವ ಕನ್ನಡಿಗನಿಗೂ ವಿವರಣೆ ಬೇಕಾಗುವುದಿಲ್ಲ. ಈ ಕಟ್ಟುಪಾಡು ಮಾತನ್ನು ಕಾಯ್ದಿತು ಎಂಬುದು ನಿಜ. ಅದು ಹೊಗಳುವಂಥದ್ದು ಎಂದು ನಾನು ಹೇಳಲಾರೆ. ನನ್ನ ಮಗಳು ಯಾರನ್ನಾದರೂ ಮದುವೆಯಾಗಲಿ, ಕನ್ನಡಕ್ಕೆ ಬೇರೆ ಕಾವಲು ಹುಡುಕಬೇಕು.

ಕೆಲಸವಿರುವ ಮಾತು ಹೇಗೆ ಬದುಕುತ್ತದೆ ಎಂಬುದಕ್ಕೆ ನಮ್ಮಲ್ಲೇ ಒಂದು ಉದಾಹರಣೆ ಇದೆ. ನನ್ನ ಸಹೋದ್ಯೋಗಿಯೊಬ್ಬರು ಸೇಲಂ ಕಡೆಯವರು, ದೇವಾಂಗ ನೇಕಾರರ ಮನೆತನ. ಮೊದಲ ಭೇಟಿಯಲ್ಲಿ ನಾನು ಫೋನಿನಲ್ಲಿ ಮಾತಾಡುವುದನ್ನು ಕೇಳಿಸಿಕೊಂಡು, ‘ನಮ್ಮ ಮನೇಲೂ ಇದೇ ಮಾತು’ ಎಂದರು. ಅವರ ಕನ್ನಡದ ತುಂಬ ತಮಿಳಿನ ರಾಗ, ಕನ್ನಡದ ಒಂದಕ್ಷರವನ್ನೂ ಅವರು ಓದಲಾರರು, ಅವರ ತಾತನೂ ಓದಿರಲಿಲ್ಲ. ತಮಿಳುನಾಡಿನಲ್ಲಿ ಎಷ್ಟೋ ತಲೆಮಾರುಗಳಿಂದ ನೆಲೆಸಿರುವ ದೇವಾಂಗರು ಶಾಲೆಯಿಲ್ಲದೆ, ಪುಸ್ತಕವಿಲ್ಲದೆ, ರಾಜ್ಯೋತ್ಸವವಿಲ್ಲದೆ ಮನೆಯಲ್ಲಿ ಕನ್ನಡ ಆಡುತ್ತ ಬಂದಿದ್ದಾರೆ. ಹಾಸು, ಹೊಕ್ಕು, ಲಾಳಿ ಎಂದು ದಿನವಿಡೀ ಮಗ್ಗದ ಸುತ್ತ ಅಪ್ಪ, ಅಮ್ಮ, ಮಕ್ಕಳು ಕೂಡಿ ದುಡಿಯುವ ಮನೆಯಲ್ಲಿ ಮಾತು ತಾನಾಗಿ ದಾಟುತ್ತದೆ. ಇದೇ ಸಹೋದ್ಯೋಗಿ ತಮ್ಮ ಮಗನಿಗೆ ಕನ್ನಡ ಬರುವುದಿಲ್ಲ ಎಂದರು. ಮಗ್ಗ ಸೇಲಂನಲ್ಲೇ ಉಳಿಯಿತಲ್ಲ.

ಡಚ್ ಮಾತು ಸೋತ ಬಗೆಯೂ ಇದನ್ನೇ ತೋರಿಸುತ್ತದೆ. ಅದನ್ನು ಯಾರೂ ನಿಷೇಧಿಸಲಿಲ್ಲ. ನ್ಯೂಯಾರ್ಕ್ ನಗರದ ಡಚ್ ಚರ್ಚಿನ ಹಿರಿಯರೇ, ತಮ್ಮ ಹರೆಯದ ಮಕ್ಕಳು ಅರ್ಥವಾಗದ ಪ್ರವಚನ ಬಿಟ್ಟು ಇಂಗ್ಲಿಷ್ ಚರ್ಚುಗಳ ಕಡೆ ಹೋಗುತ್ತಿರುವುದನ್ನು ಕಂಡು, 1764ರಲ್ಲಿ ಆರ್ಚಿಬಾಲ್ಡ್ ಲೇಡ್ಲಿ ಎಂಬ ಪಾದ್ರಿಯನ್ನು ಕರೆಸಿ ಇಂಗ್ಲಿಷಿನಲ್ಲಿ ಪ್ರವಚನ ಆರಂಭಿಸಿದರು. ಅದಕ್ಕಾಗಿ ಸಭೆಯಲ್ಲಿ ದೊಡ್ಡ ಜಗಳವೇ ಆಯಿತು. ಮೊದಲು ಪೇಟೆ ಹೋಯಿತು, ಆಮೇಲೆ ಶಾಲೆ, ಆಮೇಲೆ ಚರ್ಚು, ಕೊನೆಗೆ ಉಳಿದದ್ದು ಅಜ್ಜಿಯ ತೊಡೆ. ನಮ್ಮೂರಿನ ಸುತ್ತಲಿನ ಹಳೆಯ ಸ್ಮಶಾನಗಳಲ್ಲಿ ಇದನ್ನು ನಡೆದುಕೊಂಡೇ ಓದಬಹುದು. ಕೆಂಪು ಮರಳುಗಲ್ಲಿನ ಮೇಲೆ ‘ಇಲ್ಲಿ ಹೂತಿದೆ ಇಂಥವರ ದೇಹ’ ಎಂದು ಡಚ್ಚಿನಲ್ಲಿ ಕೊರೆದ ಅಜ್ಜನ ಕಲ್ಲು, ಅದರಿಂದ ನಾಲ್ಕು ಹೆಜ್ಜೆ ಆಚೆಗೆ ಅದೇ ಮನೆತನದ ಮೊಮ್ಮಗನ ಬಿಳಿಯ ಕಲ್ಲು, ಇಂಗ್ಲಿಷಿನಲ್ಲಿ. ಕ್ಲಾಸ್ ಎಂಬ ಇನ್ನೊಬ್ಬನ ಮೊಮ್ಮಕ್ಕಳಲ್ಲಿ ಯೊಹಾನೆಸ್ ಮತ್ತು ಯಾಕೋಬುಸ್ ಎಂಬಿಬ್ಬರಿಂದ ಎರಡು ಕವಲಾದ ರೂಸ್‌ವೆಲ್ಟ್ ಮನೆತನ ಈ ದೇಶಕ್ಕೆ ಇಬ್ಬರು ಅಧ್ಯಕ್ಷರನ್ನು ಕೊಟ್ಟಿತು. ಅವರಲ್ಲಿ ಮೊದಲನೆಯವನಾದ ಥಿಯೊಡೋರ್‌ಗೆ ಉಳಿದಿದ್ದ ಡಚ್ ಎಂದರೆ ಮಗುವನ್ನು ಮೊಣಕಾಲ ಮೇಲೆ ಕುಣಿಸುತ್ತ ಹೇಳುವ ಒಂದು ಶಿಶುಗೀತೆ. ಹಂದಿ, ಹಸು, ಕುದುರೆಗಳು ಬರುವ ಆ ಪದ್ಯ ಆಫ್ರಿಕಾದಲ್ಲಿ ಬೇಟೆಗೆ ಹೋದಾಗ ಅಲ್ಲಿನ ಡಚ್ ಮೂಲದ ಬೋಯರ್ ರೈತರಿಗೂ ಗೊತ್ತಿದ್ದು, ಅದೇ ಪರಿಚಯಕ್ಕೆ ದಾರಿಯಾಯಿತೆಂದು ಆತ ಸಂತೋಷದಿಂದ ಹೇಳಿಕೊಂಡಿದ್ದಾನೆ. ಆನೆಯದೋ ಚಂದಮಾಮನದೋ ಒಂದು ಪದ್ಯವನ್ನು ಮಾತ್ರ ತಪ್ಪಿಲ್ಲದೆ ಹೇಳಿ ನಿಲ್ಲಿಸುವ ನಮ್ಮ ಮಕ್ಕಳ ಮುಂದಿನ ನಿಲ್ದಾಣ ಇದು.

ಸಂಘಗಳು ಹುಟ್ಟಿದ್ದು ಇದೆಲ್ಲ ಆದ ಮೇಲೆ. 1835ರಲ್ಲಿ ನ್ಯೂಯಾರ್ಕಿನ ಸೇಂಟ್ ನಿಕೊಲಸ್ ಸೊಸೈಟಿ, 1885ರಲ್ಲಿ ಹಾಲೆಂಡ್ ಸೊಸೈಟಿ. ಎರಡನೆಯದಕ್ಕೆ ಸೇರಬೇಕಾದರೆ, 1675ಕ್ಕಿಂತ ಮೊದಲು ಈ ವಸಾಹತಿನಲ್ಲಿದ್ದ ಒಬ್ಬನಿಂದ ಗಂಡು ಸಂತತಿಯ ನೇರ ಸಾಲಿನಲ್ಲಿ ಇಳಿದು ಬಂದಿರಬೇಕು ಎಂದು ಸ್ಥಾಪಕರು ನಿಯಮ ಮಾಡಿದ್ದರು. ಡಚ್ ಬರಬೇಕು ಎಂಬ ನಿಯಮವಿರಲಿಲ್ಲ. ಇದ್ದಿದ್ದರೆ ಸಂಘವೇ ಇರುತ್ತಿರಲಿಲ್ಲ. ಕಿತ್ತಳೆ ಬಣ್ಣದ ಪಟ್ಟಿ, ವರ್ಷಕ್ಕೊಂದು ಔತಣ, ಇಂಗ್ಲಿಷಿನಲ್ಲಿ ಭಾಷಣ. ಈ ಸಂಘದವರು ಚರ್ಚುಗಳ ದಫ್ತರುಗಳನ್ನು ನಕಲು ಮಾಡಿಸಿ ಉಳಿಸಿದ್ದು ನಿಜವಾಗಿಯೂ ದೊಡ್ಡ ಉಪಕಾರ, ಅದನ್ನು ಅಲ್ಲಗಳೆಯಲಾಗದು. ಆದರೆ ಅವರು ಕಾಯ್ದದ್ದು ವಂಶವನ್ನು.

ನಾನು ಒಂದು ಕನ್ನಡ ಕೂಟದ ಕಾರ್ಯಕಾರಿ ಸಮಿತಿಯಲ್ಲಿ ಮೂರು ವರ್ಷ ಇದ್ದವನು. ಸಭೆಯ ನಡಾವಳಿ ಇಂಗ್ಲಿಷಿನಲ್ಲಿ ಬರುತ್ತಿತ್ತು, ರಾಜ್ಯೋತ್ಸವದ ನಿರೂಪಣೆಯಲ್ಲಿ ಅರ್ಧಕ್ಕರ್ಧ ಇಂಗ್ಲಿಷ್ ಇರುತ್ತಿತ್ತು, ಮಕ್ಕಳ ನಾಟಕದ ಮಾತುಗಳನ್ನು ಇಂಗ್ಲಿಷ್ ಲಿಪಿಯಲ್ಲಿ ಬರೆದು ಬಾಯಿಪಾಠ ಮಾಡಿಸುತ್ತಿದ್ದೆವು. ಮಾಡಿಸಿದವರಲ್ಲಿ ನಾನೂ ಒಬ್ಬ. ಬಿಸಿಬೇಳೆಬಾತಿಗೆ ಎಷ್ಟು ಜನ ಎಂಬ ಲೆಕ್ಕ ತಪ್ಪಿದ ವರ್ಷ ಒಂದು ತಿಂಗಳು ಅದೇ ಚರ್ಚೆ ನಡೆಯಿತು. ಮಕ್ಕಳಲ್ಲಿ ಯಾರು ಯಾರೊಡನೆ ಕನ್ನಡ ಮಾತಾಡಿದರು ಎಂದು ಯಾರೂ ಕೇಳಿದ್ದು ನನಗೆ ನೆನಪಿಲ್ಲ. ಡಚ್ಚರು ಭಾಷೆ ಕಳೆದುಕೊಂಡ ಮೇಲೆ ಸಂಘ ಕಟ್ಟಿದರು, ನಾವು ಭಾಷೆ ಬಾಯಲ್ಲಿರುವಾಗಲೇ ಅಂಥದ್ದೇ ಸಂಘ ಕಟ್ಟಿಕೊಂಡು ಕೂತಿದ್ದೇವೆ ಎಂಬುದು ನನ್ನ ಆಕ್ಷೇಪ. ಬೇರೆ ಊರುಗಳಲ್ಲಿ ಭಾನುವಾರದ ಕನ್ನಡ ತರಗತಿಗಳನ್ನು ಕೈಯಿಂದ ಖರ್ಚು ಹಾಕಿ ನಡೆಸುವವರು ಇದ್ದಾರೆ, ಅವರಿಗೆ ಈ ಮಾತು ಸಲ್ಲದು. ಆದರೂ ವಾರಕ್ಕೆ ಒಂದೂವರೆ ಗಂಟೆ ಅಕ್ಷರ ತಿದ್ದಿಸುವುದರಿಂದ ಏನಾಗುತ್ತದೆ, ಏನಾಗುವುದಿಲ್ಲ ಎಂಬುದನ್ನು ಅವರೇ ಹೆಚ್ಚು ಬಲ್ಲರು.

ವಂಶ ಮತ್ತು ಮಾತು ಬೇರೆ ಬೇರೆ ದಾರಿ ಹಿಡಿಯುತ್ತವೆ ಎಂಬುದಕ್ಕೆ ಈ ಕಣಿವೆಯಲ್ಲೇ ಹುಟ್ಟಿದ ಒಬ್ಬ ಹೆಂಗಸಿನ ಬದುಕು ಸಾಕ್ಷಿ. ಸುಮಾರು 1797ರಲ್ಲಿ ನದಿಯ ಆಚೆ ದಂಡೆಯ ಅಲ್‌ಸ್ಟರ್ ಜಿಲ್ಲೆಯಲ್ಲಿ, ಹಾರ್ಡೆನ್‌ಬರ್ಗ್ ಎಂಬ ಡಚ್ ಜಮೀನ್ದಾರನ ಗುಲಾಮರ ಮಗಳಾಗಿ ಹುಟ್ಟಿದವಳು ಇಸಬೆಲ್ಲಾ. ಅವಳ ಮನೆಮಾತು ಡಚ್, ಬೇರೆ ಮಾತು ಬರುತ್ತಿರಲಿಲ್ಲ. ಒಂಬತ್ತು ವರ್ಷದವಳಿದ್ದಾಗ ಅವಳನ್ನೂ ಒಂದು ಕುರಿಹಿಂಡನ್ನೂ ಸೇರಿಸಿ ನೂರು ಡಾಲರಿಗೆ ಇಂಗ್ಲಿಷ್ ಮಾತಾಡುವ ಮನೆಗೆ ಮಾರಿದರು. ಅದು ತಾ ಎಂದರೆ ಇದು ತರುತ್ತಿದ್ದ ಆ ಹುಡುಗಿ, ಮಾತು ಅರ್ಥವಾಗದ ತಪ್ಪಿಗೆ ಬೆನ್ನ ತುಂಬ ಬರೆ ಬರುವಂತೆ ಹೊಡೆಸಿಕೊಂಡಳು. ಮುಂದೆ ಸೊಜರ್ನರ್ ಟ್ರೂತ್ ಎಂಬ ಹೆಸರಿನಿಂದ, ಗುಲಾಮಗಿರಿಯ ವಿರುದ್ಧ ಊರೂರು ತಿರುಗಿ ಮಾತಾಡಿ ಹೆಸರಾದವಳು ಅವಳೇ. ಅವಳ ಪ್ರಸಿದ್ಧ ಭಾಷಣವೊಂದನ್ನು 1863ರಲ್ಲಿ ಅಚ್ಚು ಹಾಕಿಸಿದವರು ಅದನ್ನು ದಕ್ಷಿಣ ರಾಜ್ಯಗಳ ಗುಲಾಮರ ಇಂಗ್ಲಿಷಿನ ಧಾಟಿಯಲ್ಲಿ ಬರೆದರು. ಕಪ್ಪು ಹೆಂಗಸು ಹಡ್ಸನ್ ದಂಡೆಯ ಡಚ್ಚಿತಿಯಾಗಿರಬಹುದು ಎಂಬುದು ಓದುವವರ ಕಲ್ಪನೆಗೇ ಬರುವಂತಿರಲಿಲ್ಲ. 1790ರ ಜನಗಣತಿಯಲ್ಲಿ, ಬ್ರೂಕ್ಲಿನ್ ಸೇರಿದ ಕಿಂಗ್ಸ್ ಜಿಲ್ಲೆಯ ಸುಮಾರು ಮೂರನೇ ಒಂದು ಭಾಗ ಜನ ಗುಲಾಮರು, ಅವರನ್ನು ಇಟ್ಟುಕೊಂಡಿದ್ದವರಲ್ಲಿ ಬಹಳ ಮಂದಿ ಡಚ್ ರೈತರು. ಆ ರೈತರ ವಂಶಾವಳಿ ಅಚ್ಚಾಗಿದೆ. ಆ ಆಳುಗಳೂ ಆಡಿದ ಡಚ್ಚಿಗೆ ಅಂಥ ದಾಖಲೆ ಇಲ್ಲ.

ನ್ಯೂಜೆರ್ಸಿಯ ಬರ್ಗನ್ ಜಿಲ್ಲೆಯ ಕಡೆ ಡಚ್ಚಿನ ಒಂದು ಆಡುನುಡಿ ಇಪ್ಪತ್ತನೆಯ ಶತಮಾನದ ಆರಂಭದವರೆಗೂ ಜೀವ ಹಿಡಿದಿತ್ತು. 1910ರಲ್ಲಿ ಅದನ್ನು ಬರೆದುಕೊಳ್ಳಲು ಹೋದ ಪ್ರಾಧ್ಯಾಪಕ ಜೆ. ಡೈನ್‌ಲಿ ಪ್ರಿನ್ಸ್‌ಗೆ ಸಿಕ್ಕ ಕೆಲವೇ ಮುದುಕರಲ್ಲಿ, ರಾಮಪೊ ಗುಡ್ಡಗಳ ಮಿಶ್ರ ಸಮುದಾಯದ ಕರಿಯನೊಬ್ಬನೂ ಇದ್ದ. ನ್ಯೂಯಾರ್ಕಿನಲ್ಲಿ ಹಾಲೆಂಡ್ ಸೊಸೈಟಿಯ ಔತಣ ನಡೆಯುತ್ತಿದ್ದ ಅದೇ ಕಾಲ ಅದು. ಡಚ್ ಬರುತ್ತಿದ್ದ ಆ ಮುದುಕನಿಗೆ ಅಲ್ಲಿ ಪ್ರವೇಶವಿರಲಿಲ್ಲ, ಪ್ರವೇಶವಿದ್ದವರಿಗೆ ಡಚ್ ಬರುತ್ತಿರಲಿಲ್ಲ.

ಮಾತು ಹೋದ ಮೇಲೆ ಕಾಗದ ಉಳಿದರೂ ಅದು ಬೇರೆಯವರದಾಗುತ್ತದೆ. ವಸಾಹತಿನ ಆಡಳಿತದ ಹನ್ನೆರಡು ಸಾವಿರ ಪುಟಗಳಷ್ಟು ಡಚ್ ದಾಖಲೆಗಳು ಆಲ್ಬನಿಯಲ್ಲಿವೆ. 1911ರಲ್ಲಿ ಅಲ್ಲಿನ ಶಾಸನಸಭೆಯ ಕಟ್ಟಡಕ್ಕೆ ಬೆಂಕಿ ಬಿದ್ದಾಗ, ಯಾರಿಗೂ ಬೇಡವಾಗಿ ಕೆಳಗಿನ ಕಪಾಟುಗಳಲ್ಲಿದ್ದ ಅವುಗಳ ಮೇಲೆ ಇಂಗ್ಲಿಷ್ ಕಾಲದ ದಾಖಲೆಗಳು ಬಿದ್ದು, ಮೇಲಿನವು ಸುಟ್ಟು ಕೆಳಗಿನವನ್ನು ಕಾಯ್ದವು. 1974ರಲ್ಲಿ ಚಾರ್ಲ್ಸ್ ಗೆಹ್ರಿಂಗ್ ಎಂಬ ವಿದ್ವಾಂಸರು ಅವನ್ನು ಇಂಗ್ಲಿಷಿಗೆ ತರಲು ಕೂತರು, ಆ ಕೆಲಸಕ್ಕೇ ತಮ್ಮ ಆಯುಷ್ಯ ಕೊಟ್ಟರು. ತಮ್ಮದೇ ಮುತ್ತಜ್ಜಂದಿರು ಹಂದಿ ತೋಟ ನುಗ್ಗಿತೆಂದು ಹಾಕಿದ ಮೊಕದ್ದಮೆಯನ್ನು ಓದಲು ಈ ಮನೆತನಗಳಿಗೆ ಅನುವಾದಕ ಬೇಕಾಯಿತು. ನಮ್ಮ ಮನೆಯ ಅಟ್ಟದ ಮೇಲೆ ಬಿಸ್ಕತ್ತಿನ ಡಬ್ಬಿಯೊಂದರಲ್ಲಿ ಅಪ್ಪ ಬರೆದ ಅರವತ್ತೊಂದು ಇನ್‌ಲ್ಯಾಂಡ್ ಕಾಗದಗಳಿವೆ. ಮಳೆ, ಕಬ್ಬಿನ ಬಾಕಿ, ಯಾರದೋ ನಾಮಕರಣ, ಮಡಿಸುವ ಅಂಚಿನಲ್ಲೂ ಜಾಗ ಬಿಡದೆ ಅಡ್ಡಡ್ಡ ಬರೆದ ‘ಆರೋಗ್ಯ ನೋಡಿಕೋ’. ಮಗಳು ಒಮ್ಮೆ ಡಬ್ಬಿ ತೆರೆದು, ‘ಇದರಲ್ಲಿ ಏನಿದೆ ಅಪ್ಪಾ?’ ಎಂದು ಇಂಗ್ಲಿಷಿನಲ್ಲಿ ಕೇಳಿದಳು. ಅವಳ ಹೆಸರಿನ ಕೊನೆಯಲ್ಲಿರುವುದು ಆ ಕಾಗದ ಬರೆದವರ ಹೆಸರೇ.

ಅಂದಿನಿಂದ ನಾವು ಮನೆಯಲ್ಲಿ ಕನ್ನಡಕ್ಕೆ ಸಣ್ಣದೊಂದು ಕೆಲಸ ಕೊಟ್ಟಿದ್ದೇವೆ. ವಾರದ ಸಾಮಾನಿನ ಚೀಟಿ ಬರೆಯುವುದು ಅವಳ ಜವಾಬ್ದಾರಿ, ಬರೆಯುವುದು ಕನ್ನಡದಲ್ಲಿ. ಚೀಟಿಯಲ್ಲಿ ಇಲ್ಲದ್ದು ಮನೆಗೆ ಬರುವುದಿಲ್ಲ. ಮೊದಲ ತಿಂಗಳು ಚಾಕೊಲೇಟಿಗೆ ಬೇಕಾದ ಅಕ್ಷರ ಬಾರದೆ ಅವಳು ಅತ್ತಿದ್ದಳು, ಈಗ ಅದು ಪಟ್ಟಿಯ ಮೊದಲಲ್ಲೇ ಇರುತ್ತದೆ. ಕಳೆದ ಶನಿವಾರದ ಚೀಟಿ ಫ್ರಿಜ್ಜಿನ ಬಾಗಿಲ ಮೇಲೆ ಇನ್ನೂ ಇದೆ: ತೊಗರಿಬೇಳೆ, ಒತ್ತಿಲ್ಲದ ‘ಕೊತಂಬರಿ’, ಹಾಲು, ಮತ್ತು ಶಾಲೆಯ ಪಿಕ್‌ನಿಕ್ಕಿಗೆಂದು ಎಲ್ಲಕ್ಕಿಂತ ಕೆಳಗೆ, ದೊಡ್ಡ ಅಕ್ಷರಗಳಲ್ಲಿ, ‘ಕೋಲ್‌ಸ್ಲಾ 2 ಡಬ್ಬಿ’.